ಲಾಳ, ಹುರುಳಿ ಮತ್ತು ಬಾಲಕ್ಲಾವಾ

ಅರಸೀಕೆರೆಯ ಓದುಗರೊಬ್ಬರು ಬರೆಯುತ್ತಾರೆ: “ಕಳೆದ ಸಂಚಿಕೆಯಲ್ಲಿ ಬ್ರಿಟಿಷ್ ಹಗುರ ಅಶ್ವದಳದ ಬಗ್ಗೆ ಬಂದ ಲೇಖನ ಓದಿ ನಿರಾಸೆಯಾಯಿತು. ಲಾಳ, ಹುಲ್ಲು, ಬೆನ್ನುಹುಣ್ಣು ಅಂತ ಎರಡು ಪುಟ. ಕ್ರೈಮಿಯಾ ಯುದ್ಧದಲ್ಲಿ ರಷ್ಯನ್ ಫಿರಂಗಿಗಳ ಮೇಲೆ ನುಗ್ಗಿದ ಬಾಲಕ್ಲಾವಾದ ದಾಳಿಗೆ ಮೂರೇ ಸಾಲು. ರಾವುತನ ಎದೆಗಾರಿಕೆ ಬಿಟ್ಟರೆ ಅಶ್ವದಳದಲ್ಲಿ ಮತ್ತೇನಿದೆ? ನೆಪೋಲಿಯನ್ನನ ವಿರುದ್ಧ ಹೋರಾಡಿದ ಸೇನಾಪತಿ ವೆಲಿಂಗ್ಟನ್‌ಗೆ ತನ್ನ ಸವಾರರ ಮೇಲೆ ಏಕಷ್ಟು ಸಿಟ್ಟಿತ್ತು ಅಂತಾದರೂ ಹೇಳಬಹುದಿತ್ತು. ಕತ್ತಿಯ ಸುದ್ದಿಯಂತೂ ಇಲ್ಲವೇ ಇಲ್ಲ.”

ಮಾನ್ಯರೇ,

ಲೇಖನವನ್ನು ಸಾಲು ಸಾಲಾಗಿ ಓದಿ, ಎಣಿಸಿ, ಬೇಸರವನ್ನು ನೇರವಾಗಿ ಬರೆದಿದ್ದೀರಿ. ಇಂಥ ಓದುಗರೇ ಪತ್ರಿಕೆಗೆ ಬೇಕಾದವರು. ಆದರೆ ನಿಮ್ಮ ಮೊದಲ ಪ್ರಶ್ನೆಯನ್ನು ನಾವು ಒಪ್ಪುವುದಿಲ್ಲ. ಅದು ನಿಮ್ಮೊಬ್ಬರ ಪ್ರಶ್ನೆಯೂ ಅಲ್ಲ. ಯುದ್ಧದ ಚರಿತ್ರೆ ಓದುವ ನಮ್ಮಲ್ಲಿ ಬಹುಪಾಲು ಜನರ ಮನಸ್ಸಿನಲ್ಲಿ ಇರುವಂಥದ್ದು. ಹಾಗಾಗಿ ಉತ್ತರ ಸ್ವಲ್ಪ ಉದ್ದವಾಗುತ್ತದೆ.

ಎದೆಗಾರಿಕೆ ಇತ್ತು, ಅನುಮಾನವೇ ಬೇಡ. 1759ರಲ್ಲಿ ಬ್ರಿಟಿಷ್ ಅಧಿಕಾರಿ ಎಲಿಯಟ್ ಕಟ್ಟಿದ 15ನೇ ಹಗುರ ಡ್ರಗೂನ್ (ಕುದುರೆಸವಾರರ) ರೆಜಿಮೆಂಟು ಮರುವರ್ಷವೇ, 1760ರ ಜುಲೈ 16ರಂದು, ಜರ್ಮನಿಯ ಎಮ್ಸ್‌ಡೋರ್ಫ್‌ನಲ್ಲಿ ಫ್ರೆಂಚ್ ಕಾಲಾಳುಗಳ ಮೇಲೆ ಮತ್ತೆ ಮತ್ತೆ ನುಗ್ಗಿತು. ಅದೇ ರೆಜಿಮೆಂಟು ಮುಂದೆ ಹುಸಾರ್ (ಹಗುರ ಅಶ್ವದಳದ ಇನ್ನೊಂದು ಬಗೆ) ಎಂಬ ಹೆಸರು ಪಡೆದು, 1808ರ ಡಿಸೆಂಬರ್ 21ರ ಬೆಳಗಿನ ಜಾವ ಸ್ಪೇನಿನ ಸಹಾಗುನ್‌ನಲ್ಲಿ, ಹಿಮದಲ್ಲಿ ರಾತ್ರಿಯಿಡೀ ನಡೆದು ಬಂದು, ಎರಡು ಫ್ರೆಂಚ್ ಅಶ್ವ ರೆಜಿಮೆಂಟುಗಳನ್ನು ಚದುರಿಸಿತು. ಓದಿದರೆ ಈಗಲೂ ಮೈ ಜುಮ್ಮೆನ್ನುತ್ತದೆ.

ಆದರೆ ಅದೇ ಕುದುರೆಗಳಿಗೆ ಮುಂದಿನ ಮೂರು ವಾರದಲ್ಲಿ ಏನಾಯಿತು ಎಂದು ಎಷ್ಟು ಜನ ಕೇಳುತ್ತಾರೆ? ಬ್ರಿಟಿಷ್ ಸೈನ್ಯ ಸ್ಪೇನಿನ ಕೊರುನ್ನಾ ಬಂದರಿನ ಕಡೆಗೆ ಹಿಮ್ಮೆಟ್ಟಿತು. ಗಲೀಸಿಯಾದ ಬೆಟ್ಟದ ದಾರಿ, ಚೂಪು ಕಲ್ಲು, ಮಂಜುಗಡ್ಡೆ. ಮೆತ್ತನೆ ನೆಲದಲ್ಲಿ ನಾಲ್ಕರಿಂದ ಆರು ವಾರ ಬಾಳುವ ಲಾಳ ಅಂಥ ದಾರಿಯಲ್ಲಿ ಕೆಲವೇ ದಿನಕ್ಕೆ ಸವೆದು ಹೋಗುತ್ತದೆ. ಲಾಳ ಬಿದ್ದ ಗೊರಸಿನ ಅಂಚು ಮೊದಲು ಸೀಳುತ್ತದೆ, ಆಮೇಲೆ ಅಂಗಾಲು ಜಜ್ಜಿಹೋಗುತ್ತದೆ. ಅಲ್ಲಿಗೆ ಕುದುರೆ ಕುಂಟಿತು. ಹೊಟ್ಟೆಗೆ ಎಷ್ಟೇ ಹಾಕಿದರೂ ಅದು ಆ ದಂಡಯಾತ್ರೆಯಲ್ಲಿ ಮತ್ತೆ ಕೆಲಸಕ್ಕೆ ಬರುವುದಿಲ್ಲ. ಲಾಳ ಕಟ್ಟುವವರು ಜೊತೆಯಲ್ಲೇ ಇದ್ದರು. ಅವರ ಕೈಯಲ್ಲಿ ಕಬ್ಬಿಣವಿರಲಿಲ್ಲ, ಮೊಳೆಯಿರಲಿಲ್ಲ. ಶತ್ರುವಿನ ಕತ್ತಿಗೆ ಸಿಕ್ಕದೆ ಕುಂಟಿದ ಕುದುರೆಗಳನ್ನು ಅವುಗಳ ಸವಾರರೇ ದಾರಿಯ ಪಕ್ಕದಲ್ಲಿ ಗುಂಡಿಟ್ಟು ಕೊಂದರು. 1809ರ ಜನವರಿಯಲ್ಲಿ ಬಂದರು ಮುಟ್ಟಿದಾಗ ಉಳಿದಿದ್ದವುಗಳಿಗೂ ಹಡಗಿನಲ್ಲಿ ಜಾಗ ಸಾಲದೆ ನೂರಾರು ಕುದುರೆಗಳನ್ನು ಕಡಲ ದಂಡೆಯಲ್ಲೇ ಕೊಲ್ಲಬೇಕಾಯಿತು. ಸಹಾಗುನ್‌ನಲ್ಲಿ ಗೆದ್ದ ಅಶ್ವದಳ ಊರಿಗೆ ಮರಳಿದ್ದು ಬಹುಮಟ್ಟಿಗೆ ಕಾಲ್ನಡಿಗೆಯ ದಳವಾಗಿ. ಒಂದು ಚೀಲ ಮೊಳೆಯ ಬೆಲೆ ಇದು.

ನಮ್ಮ ಲೇಖಕರು ಲಾಳಕ್ಕೆ ಪುಟ ಕೊಟ್ಟದ್ದು ಇದಕ್ಕೇ. ಲಾಳ ಕಟ್ಟುವುದು ಸುಲಭದ ಕೆಲಸವೇನಲ್ಲ. ಮೊಳೆ ಗೊರಸಿನ ಹೊರಗೋಡೆಯಲ್ಲಷ್ಟೇ ಓಡಬೇಕು. ಒಂದು ಕೂದಲೆಳೆ ಒಳಕ್ಕೆ ಸರಿದರೂ ಜೀವವಿರುವ ಭಾಗಕ್ಕೆ ತಗಲಿ ಕೀವು ಕಟ್ಟುತ್ತದೆ. ಹೊರಬಂದ ತುದಿಯನ್ನು ಕತ್ತರಿಸಿ ಮಡಚದಿದ್ದರೆ ಎದುರು ಕಾಲಿಗೆ ಗೀರುತ್ತದೆ. ಗೊರಸಿನ ಅಳತೆಗೆ ಲಾಳ ಮಾಡಬೇಕೇ ಹೊರತು ಲಾಳದ ಅಳತೆಗೆ ಗೊರಸು ಕೆತ್ತಬಾರದು. ಅವಸರದಲ್ಲಿ, ಕತ್ತಲಲ್ಲಿ, ಮಳೆಯಲ್ಲಿ ಒಂದು ತುಕಡಿಯ ಐವತ್ತು ಅರವತ್ತು ಕುದುರೆಗಳಿಗೆ ಇಷ್ಟೆಲ್ಲ ನೋಡಿಕೊಳ್ಳಬೇಕಾದವನು ಒಬ್ಬ. ಬ್ರಿಟಿಷ್ ಸೈನ್ಯ ರೆಜಿಮೆಂಟಿಗೊಬ್ಬ ಪಶುವೈದ್ಯನನ್ನು ನೇಮಿಸಲು ಶುರು ಮಾಡಿದ್ದೇ 1796ರಲ್ಲಿ. ಮೊದಲು ನೇಮಕವಾದ ಜಾನ್ ಶಿಪ್ ಹೋಗಿದ್ದು 11ನೇ ಹಗುರ ಡ್ರಗೂನ್‌ಗೆ. ಅದಕ್ಕೂ ಮುಂಚೆ ಔಷಧ, ಲಾಳ ಎರಡೂ ಲಾಳ ಕಟ್ಟುವವನ ತಲೆಗೇ.

ಇನ್ನು ಬೆನ್ನು. ಹಗುರ ಅಶ್ವದಳ ಅಂದಮಾತ್ರಕ್ಕೆ ಹೊರೆ ಹಗುರ ಅಂದುಕೊಳ್ಳಬೇಡಿ. ಸವಾರ, ಜೀನು, ಕಂಬಳಿ, ಮೇಲಂಗಿಯ ಸುರುಳಿ, ಹಿಂದುಗಡೆಯ ಬಟ್ಟೆಗಂಟು, ಕಾರ್ಬೈನು ಎಂಬ ಗಿಡ್ಡ ಬಂದೂಕು, ಕತ್ತಿ, ಮದ್ದುಗುಂಡು, ಬಿಡಿ ಲಾಳ, ಮೂರು ದಿನದ ಧಾನ್ಯ ಎಲ್ಲ ಸೇರಿ 110ರಿಂದ 125 ಕೆಜಿ. ಇದೆಲ್ಲ ನಿಲ್ಲುವುದು ಬೆನ್ನೆಲುಬಿನ ಎರಡೂ ಮಗ್ಗುಲಿನ ಎರಡು ಮರದ ಪಟ್ಟಿಗಳ ಮೇಲೆ. ಕಂಬಳಿಯನ್ನು ಮೊದಲು ಹೆಗಲ ದಿಬ್ಬದ ಮೇಲಿಟ್ಟು ಹಿಂದಕ್ಕೆ ಎಳೆಯಬೇಕು, ಕೂದಲು ಮಲಗಿದ ದಿಕ್ಕಿಗೆ. ಮುಂದಕ್ಕೆ ಎಳೆದರೆ ಕೂದಲು ಮಡಚಿಕೊಂಡು ಒತ್ತುತ್ತದೆ. ಜೀನಿನ ನಡುಗಾಲುವೆಯೊಳಕ್ಕೆ ಕಂಬಳಿಯನ್ನು ಕೈಯಿಂದ ಎತ್ತಿ ಬಿಡಬೇಕು, ಬೆನ್ನೆಲುಬಿನ ಮೇಲೆ ಗಾಳಿಯಾಡಬೇಕು. ಹೊರಟ ಕಾಲು ಗಂಟೆಗೆ ಇಳಿದು ಜೀನಿನ ಹೊಟ್ಟೆಪಟ್ಟಿ ಮತ್ತೆ ಬಿಗಿಯಬೇಕು. ದಂಡಯಾತ್ರೆಯಲ್ಲಿ ಕುದುರೆ ವಾರ ವಾರಕ್ಕೂ ಸೊರಗುತ್ತದೆ. ಹೋದ ತಿಂಗಳು ಸರಿಹೊಂದಿದ್ದ ಜೀನು ಈ ತಿಂಗಳು ದಿಬ್ಬಕ್ಕೆ ತಗಲುತ್ತದೆ. ಆಗ ಕಂಬಳಿಯ ಮಡಿಕೆ ಬದಲಿಸಬೇಕು. ಬೀಡು ಬಿಟ್ಟಾಗ ಜೀನನ್ನು ತಟಕ್ಕನೆ ಇಳಿಸಬಾರದು. ಹೊಟ್ಟೆಪಟ್ಟಿ ಸಡಿಲಿಸಿ, ಬೆನ್ನಿನ ಬಿಸಿ ಆರುವವರೆಗೆ ಬಿಟ್ಟು, ಆಮೇಲೆ ತೆಗೆದು ಅಂಗೈಯಿಂದ ತಟ್ಟಿ ಉಜ್ಜಬೇಕು. ಇಲ್ಲವಾದರೆ ಮರುದಿನ ಊತ, ಮೂರನೆಯ ದಿನ ಹುಣ್ಣು, ಆಮೇಲೆ ವಾರಗಟ್ಟಲೆ ಆ ಕುದುರೆಯ ಬೆನ್ನೇರುವಂತಿಲ್ಲ. ತೂಕಡಿಸುತ್ತ ಒಂದೇ ಮಗ್ಗುಲಿಗೆ ವಾಲಿ ಕೂತ ಸವಾರ ತನ್ನ ಕುದುರೆಗೆ ಮಾಡುವಷ್ಟು ಹಾನಿಯನ್ನು ಶತ್ರು ಮಾಡುವುದಿಲ್ಲ.

ನಿಮಗೆ ಪ್ರಿಯವಾದ ಬಾಲಕ್ಲಾವಾಕ್ಕೇ ಬರೋಣ. 1854ರ ಅಕ್ಟೋಬರ್ 25. ಸುಮಾರು 670 ಸವಾರರು, ಎರಡು ಕಿಲೋಮೀಟರ್ ಕಣಿವೆ, ಮೂರು ಕಡೆ ರಷ್ಯನ್ ಫಿರಂಗಿ. ಸತ್ತವರು 110ರ ಆಸುಪಾಸು, ಹೋದ ಕುದುರೆಗಳು 300ಕ್ಕೂ ಹೆಚ್ಚು. ಅವರ ಧೈರ್ಯಕ್ಕೆ ನಮಸ್ಕಾರ. ಆದರೆ ಅದೇ ವರ್ಷದ ಬೇಸಿಗೆಯಲ್ಲಿ, ಒಬ್ಬ ಶತ್ರುವೂ ಎದುರಾಗದೆ, ಇದೇ ಬ್ರಿಗೇಡಿಗೆ ಬಿದ್ದ ಪೆಟ್ಟು ನಿಮಗೆ ಗೊತ್ತಿದೆಯೇ? ಜೂನ್ ಕೊನೆಯಲ್ಲಿ ಬ್ರಿಗೇಡಿನ ಮುಖ್ಯಸ್ಥ ಲಾರ್ಡ್ ಕಾರ್ಡಿಗನ್ ಸುಮಾರು 200 ಸವಾರರನ್ನು ಕರೆದುಕೊಂಡು ರಷ್ಯನ್ನರನ್ನು ಹುಡುಕಲು ಕಪ್ಪು ಸಮುದ್ರದ ದಂಡೆಯ ದೊಬ್ರೂಜಾ ಬಯಲಿಗೆ ಹೋದ. ಬಿರುಬಿಸಿಲು, ನೀರಿಲ್ಲ, ಕುದುರೆಯ ಬೆನ್ನಿನ ಹೊರೆ ಇಳಿಸುವ ಯೋಚನೆಯೂ ಇಲ್ಲ. ಎರಡು ವಾರಕ್ಕೂ ಮೀರಿದ ಆ ಸುತ್ತಾಟ ಮುಗಿಸಿ ಬಂದಾಗ ನೂರರ ಹತ್ತಿರ ಕುದುರೆಗಳು ಕೆಲಸಕ್ಕೆ ಬಾರದಂತಾಗಿದ್ದವು. ಸೈನಿಕರು ಅದಕ್ಕೆ ‘ಬೆನ್ನುಹುಣ್ಣಿನ ಪಹರೆ’ ಅಂತಲೇ ಹೆಸರಿಟ್ಟರು. ದಾಳಿಯ ನಂತರ ಉಳಿದ ಕುದುರೆಗಳ ಕಥೆ ಇನ್ನೂ ಕರುಳು ಹಿಂಡುವಂಥದ್ದು. ನವೆಂಬರ್ 14ರ ಬಿರುಗಾಳಿಗೆ ಮೇವಿನ ಹಡಗು ಮುಳುಗಿತು. ಬಂದರಿನಿಂದ ಬೀಡಿಗೆ ಹತ್ತು ಕಿಲೋಮೀಟರಿನಷ್ಟೇ ದಾರಿ, ಆದರೆ ಅದು ಕೆಸರಾಗಿತ್ತು, ಹೊರಲು ಗಾಡಿಯಿರಲಿಲ್ಲ. ಹಸಿದ ಕುದುರೆಗಳು ಒಂದರ ಬಾಲ, ಕೇಸರವನ್ನು ಇನ್ನೊಂದು ಕಿತ್ತು ತಿಂದವು. ಫಿರಂಗಿ ಉಳಿಸಿದ್ದನ್ನು ಹೀಗೆ ಕಳೆದುಕೊಂಡರು. ದಾಳಿಯ ಹೊತ್ತು ಅರ್ಧ ಗಂಟೆಯೂ ಇಲ್ಲ. ಹಸಿವಿನ ಹೊತ್ತು ವಾರಗಟ್ಟಲೆ. ಮೂರು ಸಾಲು, ಎರಡು ಪುಟ ಎಂಬ ಅಳತೆ ನಮಗೆ ನ್ಯಾಯವಾಗಿಯೇ ಕಾಣುತ್ತದೆ.

ವೆಲಿಂಗ್ಟನ್‌ನ ಸಿಟ್ಟೂ ಇದೇ ಜಾಡಿನದು. 1808ರ ಆಗಸ್ಟ್ 21ರಂದು ಪೋರ್ಚುಗಲ್ಲಿನ ವಿಮೇರೋದಲ್ಲಿ 20ನೇ ಹಗುರ ಡ್ರಗೂನ್ ಗೆದ್ದ ಮೇಲೂ ನಿಲ್ಲದೆ ಬೆನ್ನಟ್ಟಿ ಹೋಗಿ ತನ್ನ ಕರ್ನಲ್ ಟೇಲರ್‌ನನ್ನೇ ಕಳೆದುಕೊಂಡಿತು. ಮರುವರ್ಷ ಸ್ಪೇನಿನ ಟಲವೇರಾದಲ್ಲಿ 23ನೇ ಹಗುರ ಡ್ರಗೂನ್ ಮುಂದಿನ ನೆಲ ನೋಡದೆ ಓಡಿ, ಹುಲ್ಲಿನಲ್ಲಿ ಮರೆಯಾಗಿದ್ದ ಕೊರಕಲಿಗೆ ಬಿದ್ದು, ಅರ್ಧದಷ್ಟು ಜನರನ್ನು ಕಳೆದುಕೊಂಡಿತು. 1811ರ ಮಾರ್ಚ್‌ನಲ್ಲಿ ಕಾಂಪೋ ಮಾಯೋರ್‌ನಲ್ಲಿ 13ನೇ ಹಗುರ ಡ್ರಗೂನ್ ಶತ್ರುವನ್ನು ಬಡಹೋಸ್ ಕೋಟೆಯವರೆಗೂ ಅಟ್ಟಿಕೊಂಡು ಹೋಯಿತು. ಹಿಡಿದಿದ್ದ ಫಿರಂಗಿಗಳು ಕೈತಪ್ಪಿದವು. ಓಟಕ್ಕೆ ಬಿಟ್ಟ ಕುದುರೆಗೆ ಒಂದೂವರೆ ಕಿಲೋಮೀಟರಿನಲ್ಲಿ ಏದುಸಿರು ಬರುತ್ತದೆ, ಸಾಲು ಮುರಿಯುತ್ತದೆ, ಯಾರ ಮಾತೂ ಯಾರಿಗೂ ಕೇಳಿಸುವುದಿಲ್ಲ. ಆ ಗಳಿಗೆಯಲ್ಲಿ ದಣಿಯದ ಒಂದು ಚಿಕ್ಕ ತುಕಡಿ ಪಕ್ಕದಿಂದ ಬಂದರೆ ಸಾಕು. ಅದಕ್ಕೇ ನಡಿಗೆ, ಆಮೇಲೆ ಹೆಜ್ಜೆಯೋಟ, ಕೊನೆಯ ನೂರಿನ್ನೂರು ಗಜ ಮಾತ್ರ ಪೂರ್ತಿ ಓಟ, ಹಿಂದೆ ಯಾವತ್ತೂ ಒಂದು ಮೀಸಲು ಸಾಲು ಎಂಬ ಕಟ್ಟಳೆ. ಆತನ ಸಿಟ್ಟು ಹೇಡಿಗಳ ಮೇಲಲ್ಲ, ಲಗಾಮು ಎಳೆಯಲು ಬಾರದ ಶೂರರ ಮೇಲೆ.

ಅದೇ ಸೈನ್ಯದಲ್ಲಿ, ಬ್ರಿಟಿಷರ ಪರ ಹೋರಾಡಿದ ಜರ್ಮನರ ಪಡೆಯಾದ ಜರ್ಮನ್ ಲೀಜನ್ನಿನ 1ನೇ ಹುಸಾರ್ ದಳವಿತ್ತು. 1810ರ ವಸಂತದಿಂದ ಬೇಸಿಗೆಯವರೆಗೆ ಜನರಲ್ ಕ್ರಾಫರ್ಡ್‌ನ ಕೈಕೆಳಗೆ ಪೋರ್ಚುಗಲ್ ಗಡಿಯ ಆಗ್ವೆದಾ ನದಿಯುದ್ದಕ್ಕೂ ಕಾವಲು ನಿಂತವರು ಅವರು. ಇಬ್ಬಿಬ್ಬರು ಸವಾರರ ಕಾವಲು. ಶತ್ರು ಕಂಡರೆ ಕುದುರೆಯನ್ನು ಸುತ್ತು ತಿರುಗಿಸುವುದು. ತಿರುಗಿಸಿದ ದಿಕ್ಕಿನಿಂದ ಕಾಲಾಳೋ ಅಶ್ವವೋ, ವೇಗದಿಂದ ಕೆಲವರೋ ಬಹಳ ಮಂದಿಯೋ ಎಂದು ದೂರದಿಂದಲೇ ತಿಳಿಯುತ್ತಿತ್ತು. ನದಿ ಎಲ್ಲಿ ದಾಟಲು ಬರುತ್ತದೆ, ರಾತ್ರಿ ಎಷ್ಟು ಏರಿತು ಎಂದು ದಿನಾ ವರದಿ. ಈ ಕಾವಲಿನ ಹಿಂದೆ ಇಡೀ ಸೈನ್ಯ ನಿದ್ದೆ ಮಾಡುತ್ತಿತ್ತು. ಜರ್ಮನ್ ಸವಾರ ತಾನು ಉಣ್ಣುವ ಮುಂಚೆ ಕುದುರೆಗೆ ಮೇವು ಹುಡುಕುತ್ತಿದ್ದ ಎಂದು ಬ್ರಿಟಿಷ್ ಅಧಿಕಾರಿಗಳೇ ಮತ್ತೆ ಮತ್ತೆ ಬರೆದಿದ್ದಾರೆ. ಹಗುರ ಅಶ್ವದಳ ಎಂಬ ಹೆಸರಿಗೆ ಇವರಷ್ಟು ತಕ್ಕವರು ನಮಗೆ ಕಾಣುವುದಿಲ್ಲ. ಇವರ ಮೇಲೆ ಮನೆಮಾತಾದ ಕವಿತೆಯಿಲ್ಲ, ಬಣ್ಣದ ಚಿತ್ರವಿಲ್ಲ.

ಮೇವಿನ ಲೆಕ್ಕ ಒಣ ಲೆಕ್ಕ ಅನ್ನಬೇಡಿ. ಕುದುರೆಗೆ ದಿನಕ್ಕೆ ಬಾರ್ಲಿ 4.5 ಕೆಜಿ ಎಂದರೆ 400 ಕುದುರೆಯ ರೆಜಿಮೆಂಟಿಗೆ 1,800 ಕೆಜಿ. ಹೇಸರಗತ್ತೆಯೊಂದು 90 ಕೆಜಿ ಹೊತ್ತರೆ ಒಂದು ದಿನದ ಕಾಳಿಗೇ 20 ಹೇಸರಗತ್ತೆ. ಅವುಗಳಿಗೂ ಹೊಟ್ಟೆಯಿದೆ. ಹುಲ್ಲು ಬೇರೆ. ಬಲಿಯದ ಗೋಧಿ ಪೈರಿಗೆ ಬಾಯಿ ಹಾಕಿಸಿದರೆ ಹೊಟ್ಟೆಯುಬ್ಬರ. ಒಣ ಕಾಳು ತಿನ್ನಿಸಿ ಮೇಲೆ ನೀರು ಕುಡಿಸಿದರೂ ಅದೇ. ನೀರು ಮೊದಲು, ಕಾಳು ಆಮೇಲೆ.

ನಮ್ಮ ನೆಲದಲ್ಲೂ ಇದೇ ನಡೆಯಿತು. 1791ರ ಮಾರ್ಚ್ 6ರಂದು ಬೆಂಗಳೂರಿನ ಹತ್ತಿರ ಬ್ರಿಟಿಷ್ ಅಧಿಕಾರಿ ಫ್ಲಾಯ್ಡ್‌ನ ಅಶ್ವದಳ, 19ನೇ ಹಗುರ ಡ್ರಗೂನ್ ಸಮೇತ, ಟಿಪ್ಪುವಿನ ಸೈನ್ಯದ ಸಾಮಾನು ಸರಂಜಾಮು ಕಂಡು ಹಳ್ಳದಿಣ್ಣೆಯ ನೆಲಕ್ಕೆ ನುಗ್ಗಿ, ಪೆಟ್ಟು ತಿಂದು ಮರಳಿತು. ಫ್ಲಾಯ್ಡ್‌ನ ಮುಖಕ್ಕೇ ಗುಂಡು ಬಿತ್ತು. ಮುಂದೆ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಕಾನಕಾನಹಳ್ಳಿಯ (ಇಂದಿನ ಕನಕಪುರ) ದಾರಿ ಹಿಡಿದಾಗ ಟಿಪ್ಪುವಿನ ಸವಾರರು ಮೇವನ್ನು ಸುಟ್ಟು ಊರು ಖಾಲಿ ಮಾಡಿಸಿದರು. ಮೇ ತಿಂಗಳಲ್ಲಿ ಅರಕೆರೆಯ ಕಾಳಗ ಗೆದ್ದೂ ಕಾರ್ನ್‌ವಾಲಿಸ್ ಶ್ರೀರಂಗಪಟ್ಟಣದ ಎದುರಿನಿಂದ ತನ್ನ ದೊಡ್ಡ ಫಿರಂಗಿಗಳನ್ನು ತಾನೇ ಒಡೆದುಹಾಕಿ ಹಿಂದಿರುಗಿದ. ಎತ್ತು ಸತ್ತಿದ್ದವು, ಕುದುರೆ ಬಡಕಲಾಗಿದ್ದವು. ಆ ವರ್ಷ ಪಟ್ಟಣವನ್ನು ಉಳಿಸಿದವರಲ್ಲಿ ಹುಲ್ಲಿಗೆ ಬೆಂಕಿಯಿಟ್ಟವರಿಗೂ ಪಾಲಿದೆ.

ಕತ್ತಿಯ ಬಗ್ಗೆ ಕೇಳಿದ್ದೀರಿ, ಸಂತೋಷ. ಬ್ರಿಟಿಷ್ ಅಶ್ವದಳದ ಅಧಿಕಾರಿ ಲೆ ಮಾರ್ಷಾಂ ರೂಪಿಸಿದ 1796ರ ಮಾದರಿಯ ಬಾಗುಕತ್ತಿ, ಅಲಗು ಸುಮಾರು 83 ಸೆಂಟಿಮೀಟರ್, ತುದಿಯ ಕಡೆ ಅಗಲ. ಒಳ್ಳೆಯ ಆಯುಧ. ಆದರೆ ಉಕ್ಕಿನ ಒರೆಯೊಳಗೆ ಪ್ರತಿ ಹೆಜ್ಜೆಗೂ ಅಲುಗಾಡಿ, ಪ್ರತಿ ಕವಾಯತಿಗೂ ಎಳೆದು ತುರುಕಿ ಮೊಂಡಾಗುತ್ತಿತ್ತು. ಬಾಲಕ್ಲಾವಾದಲ್ಲಿ ಮೊದಲು ಸತ್ತ ಕ್ಯಾಪ್ಟನ್ ನೋಲನ್ ಭಾರತದಲ್ಲಿ 15ನೇ ಹುಸಾರ್‌ನಲ್ಲಿದ್ದವನು. ನಿಜಾಮನ ಸವಾರರ ಕತ್ತಿ ಮಾಡಿದ ಗಾಯಗಳ ವರದಿ ನೋಡಿ ಬೆರಗಾಗಿ ವಿಚಾರಿಸಿದರೆ, ಅವು ಬ್ರಿಟಿಷರೇ ತೆಗೆದುಹಾಕಿದ್ದ ಹಳೆಯ ಅಲಗುಗಳು! ಕ್ಷೌರದ ಕತ್ತಿಯಂತೆ ಮಸೆದು, ಮರದ ಒರೆಯಲ್ಲಿಟ್ಟು, ಕಾಳಗದಲ್ಲಲ್ಲದೆ ಹೊರತೆಗೆಯುತ್ತಲೇ ಇರಲಿಲ್ಲ. ಇದನ್ನು ಆತ 1853ರ ತನ್ನ ಪುಸ್ತಕದಲ್ಲಿ ಬರೆದಿಟ್ಟಿದ್ದಾನೆ. ನೋಡಿ, ಕತ್ತಿಯ ಕಥೆಯೂ ಕೊನೆಗೆ ಒರೆಯ ಕಥೆ, ಮಸೆಯುವವನ ಕಥೆ.

ನಮ್ಮ ನೋವು ಇಲ್ಲಿದೆ. ಮದರಾಸಿನ ಅಶ್ವದಳದಲ್ಲಿ ಕುದುರೆಗೊಬ್ಬ ಕಾಸ್ತಾರ, ಅಂದರೆ ಕುದುರೆಯನ್ನು ನೋಡಿಕೊಳ್ಳುವವನು, ಒಬ್ಬ ಹುಲ್ಲು ತರುವವನು. ಗರಿಕೆಯನ್ನು ಬೇರುಸಮೇತ ಕೆತ್ತಿ, ಮಣ್ಣು ಹೋಗುವಂತೆ ಬಡಿದು ತೊಳೆದು, ತಲೆಯ ಮೇಲೆ ಹೊತ್ತು ತರಬೇಕು. ಮರಳು ಉಳಿದರೆ ಕುದುರೆಗೆ ಹೊಟ್ಟೆಶೂಲೆ. ಹುರುಳಿ ಬೇಯಿಸಿ ಆರಿಸಿ ಕೊಡಬೇಕು. ಸವಾರರಿಗಿಂತ ಇವರ ಸಂಖ್ಯೆ ದುಪ್ಪಟ್ಟು. ಹೆಂಡತಿ ಮಕ್ಕಳ ಸಮೇತ ದಂಡಿನ ಹಿಂದೆ ನಡೆದವರು, ಎಷ್ಟೋ ಮಂದಿ ನಮ್ಮ ಊರುಗಳವರೇ. ನಮ್ಮ ಶಾಲೆಯ ಪಾಠದಲ್ಲಿ, ಟೀವಿ ಧಾರಾವಾಹಿಯಲ್ಲಿ, ಕನ್ನಡದ ಚರಿತ್ರೆಯ ಪುಸ್ತಕಗಳಲ್ಲಿ ಇವರು ಎಲ್ಲಿದ್ದಾರೆ? ಕುದುರೆ ತಾನಾಗಿ ಬೆಳಗ್ಗೆ ಜೀನು ಹೊತ್ತು ನಿಂತಿತ್ತು ಎಂಬಂತೆ ಬರೆಯುತ್ತೇವೆ. ರಾಜರ ವಂಶಾವಳಿ ನಮಗೆ ಬಾಯಿಪಾಠ. ಲಾಯ ಎಷ್ಟು ಅಂಕಣದ್ದು, ಹುರುಳಿ ಯಾವ ಸೀಮೆಯಿಂದ ಬಂತು ಎಂದು ಕೇಳುವವರಿಲ್ಲ.

ಆದ್ದರಿಂದ ನಿಮ್ಮಲ್ಲೇ ಒಂದು ಕೋರಿಕೆ. 1807ರ ಒಪ್ಪಂದದಂತೆ ಮೈಸೂರು 4,000 ಕುದುರೆಸವಾರರನ್ನು ಸಾಕಬೇಕಿತ್ತು. ಅವರಲ್ಲಿ ಶಿಲೇದಾರರು ಕುದುರೆಯನ್ನು ತಾವೇ ತರುವವರು; ಸತ್ತರೆ ನಷ್ಟ ಅವರದೇ, ಹಾಗಾಗಿ ಆರೈಕೆ ಚೆನ್ನ, ಅಪಾಯಕ್ಕೆ ಬಿಡಲು ಹಿಂಜರಿಕೆ. ಕುದುರೆಗೆ ದಿನಕ್ಕೆ 4 ಕೆಜಿ ಹುರುಳಿ ಎಂದು ಹಿಡಿದರೂ 16 ಟನ್ ಆಯಿತು. ಅದನ್ನು ಬೆಳೆದವರು, ಅಳೆದವರು, ಸಾಗಿಸಿದವರು ಯಾರು? ಶಿಲೇದಾರ ಮನೆತನದವರು ನಿಮ್ಮ ಕಡೆ ಯಾರಾದರೂ ಇದ್ದರೆ ವಿಚಾರಿಸಿ ನೋಡಿ. ಅಟ್ಟದ ಮೇಲೆ ಮೋಡಿ ಲಿಪಿಯ (ಮರಾಠಿಯ ಹಳೆಯ ಕೂಡುಬರಹ) ಲೆಕ್ಕದ ಕಡತವೇನಾದರೂ ಸಿಕ್ಕರೆ ಎಸೆಯಲು ಬಿಡಬೇಡಿ. ಹಾಳೆ ಹಾಳೆಯಾಗಿ ಬೆಳಕಿನಲ್ಲಿಟ್ಟು ಫೋಟೋ ತೆಗೆದು ಕಳುಹಿಸಿ. ಓದಿಸುವ ಖರ್ಚು ಪತ್ರಿಕೆಯದು, ಅದಕ್ಕೆ ಬೇಕಾದಷ್ಟು ಪುಟವೂ ಪತ್ರಿಕೆಯದು.

— ಸಂಪಾದಕ