‘ರಿಟೇಲ್‌’ನೊಳಗೆ ಕತ್ತರಿ

ಪ್ರಶ್ನೆ: ಬಟ್ಟೆ ಅಂಗಡಿ ಬೋರ್ಡಿನಲ್ಲಿ ‘ಹೋಲ್‌ಸೇಲ್ ಮತ್ತು ರಿಟೇಲ್’ ಎಂದು ಇರುತ್ತದೆ. ಮೊನ್ನೆ ಒಂದು ಇಂಗ್ಲಿಷ್ ಕಥೆಯಲ್ಲಿ ಯಾರೋ ಗಾಸಿಪ್ಪನ್ನು ‘ರಿಟೇಲ್’ ಮಾಡಿದಳು ಎಂದು ಓದಿದೆ. ಗಾಸಿಪ್ಪನ್ನೂ ಮಾರುತ್ತಾರಾ ಸಾರ್?
– ಓದುಗರೊಬ್ಬರು, ಗದಗ

ಉತ್ತರ: ಮಾರುವುದಿಲ್ಲ, ಹಂಚುತ್ತಾರೆ. ಅದೂ ಬಿಟ್ಟಿಯಾಗಿ! ಮೇಷ್ಟರಾಗುವ ಮೊದಲು ನಾನು ಬೆಂಗಳೂರಿನ ಚಿಕ್ಕಪೇಟೆಯಲ್ಲಿ ಬಟ್ಟೆ ಅಳೆಯುತ್ತಿದ್ದವನು. ಹಾಗಾಗಿ ಈ ಪದದ ಮೇಲೆ ನನಗೆ ಪ್ರೀತಿ ಜಾಸ್ತಿ. ಇದರ ಬೇರು ಹಳೆಯ ಫ್ರೆಂಚಿನಲ್ಲಿದೆ, ಅರ್ಥ ‘ಕತ್ತರಿಸು’. ‘ಟೈಲರ್’ ಕೂಡ ಅದೇ ಮನೆಯ ಪದ. ಇಡೀ ಥಾನು ಮಾರಿದರೆ ಹೋಲ್‌ಸೇಲ್, ನಮ್ಮ ಸಗಟು. ಗಿರಾಕಿ ಕೇಳಿದ ಎರಡೂವರೆ ಮೀಟರ್ ಕತ್ತರಿಸಿ ಕೊಟ್ಟರೆ ರಿಟೇಲ್, ಅಂದರೆ ಚಿಲ್ಲರೆ ವ್ಯಾಪಾರ. ಈಗ ಕತ್ತರಿ ಬೇಕಿಲ್ಲ. ಬಳಸುವವರಿಗೇ ನೇರವಾಗಿ ಮಾರಿದರೆ ಸಾಕು, ಫ್ರಿಜ್ ಮಾರಿದರೂ ರಿಟೇಲೇ.

ಎಂಆರ್‌ಪಿಯ ನಡುವಿನ ಅಕ್ಷರವೂ ಇದೇ: ಗರಿಷ್ಠ ಚಿಲ್ಲರೆ ಬೆಲೆ. ಅದರಲ್ಲಿ ಎಲ್ಲ ತೆರಿಗೆಯೂ ಸೇರಿರುತ್ತದೆ. ಮೇಲೆ ಜಿಎಸ್‌ಟಿ ಕೇಳಿದರೆ ಸುಮ್ನೆ ಕೊಟ್ಟು ಬರಬೇಡಿ.

ಇನ್ನು ಗಾಸಿಪ್. ಕೇಳಿದ ಸುದ್ದಿಯನ್ನು ಸಿಕ್ಕಸಿಕ್ಕವರಿಗೆಲ್ಲ ವಿವರವಾಗಿ ಹೇಳುತ್ತಾ ಹೋಗುವುದಕ್ಕೂ ಇಂಗ್ಲಿಷಿನಲ್ಲಿ ‘ರಿಟೇಲ್’ ಎನ್ನುತ್ತಾರೆ. ಹೆಚ್ಚಾಗಿ ಬರವಣಿಗೆಯಲ್ಲಿ ಕಾಣುವ ಬಳಕೆ. ಸ್ವಲ್ಪ ಕೊಂಕೂ ಇರುತ್ತದೆ, ನೆಂಟರ ಬಗ್ಗೆ ಬಳಸುವಾಗ ಹುಷಾರು.