ಅಮೆರಿಕದ ಮೊದಲ ಮಹಿಳಾ ಮೇಯರ್ ಯಾರು? ಅವರು ಗೆದ್ದಿದ್ದು ಹೇಗೆ?

ಸುಸಾನಾ ಸಾಲ್ಟರ್. ಕ್ಯಾನ್ಸಸ್ ರಾಜ್ಯದ ಅರ್ಗೋನಿಯಾ ಅನ್ನೋ ಪುಟ್ಟ ಊರಿನವರು. ಗೆದ್ದಿದ್ದು 1887ರಲ್ಲಿ. ಅದೂ ಯಾರೋ ಕುಚೋದ್ಯಕ್ಕೆ ಮಾಡಿದ ಕೆಲಸದಿಂದ!

ಆ ವರ್ಷವಷ್ಟೇ ಕ್ಯಾನ್ಸಸ್ಸಿನ ಹೆಂಗಸರಿಗೆ ಊರಿನ ಚುನಾವಣೆಗಳಲ್ಲಿ ವೋಟು ಹಾಕುವ ಹಕ್ಕು ಸಿಕ್ಕಿತ್ತು. ಅರ್ಗೋನಿಯಾದ ಮದ್ಯವಿರೋಧಿ ಮಹಿಳಾ ಸಂಘದವರು ತಮಗೆ ಬೇಕಾದ ಅಭ್ಯರ್ಥಿಗಳ ಪಟ್ಟಿ ಮಾಡಿದರು. ಎಲ್ಲರೂ ಗಂಡಸರೇ. ಹೆಂಗಸರು ಹೀಗೆ ರಾಜಕೀಯಕ್ಕೆ ಕೈ ಹಾಕಿದ್ದನ್ನು ಕೆಲವು ಗಂಡಸರಿಗೆ ಸಹಿಸಲಾಗಲಿಲ್ಲ. ಅವರು ಅದೇ ಹೆಸರುಗಳ ಇನ್ನೊಂದು ಪಟ್ಟಿ ತಯಾರಿಸಿ, ಮೇಯರ್ ಜಾಗದಲ್ಲಿ ಮಾತ್ರ ಆ ಸಂಘದವರೇ ಆದ ಸಾಲ್ಟರ್ ಹೆಸರು ತುರುಕಿದರು. ಹೆಂಗಸಿಗೆ ಯಾರು ವೋಟು ಹಾಕ್ತಾರೆ, ಹೀನಾಯವಾಗಿ ಸೋತರೆ ಸಂಘದವರು ಬಾಯಿ ಮುಚ್ಕೊಂಡು ಇರ್ತಾರೆ ಅನ್ನೋದು ಲೆಕ್ಕಾಚಾರ.

ಏಪ್ರಿಲ್ 4, ಮತದಾನದ ದಿನ. ಪಟ್ಟಿ ನೋಡಿ ದಂಗಾದ ರಿಪಬ್ಲಿಕನ್ ಪಕ್ಷದವರು ಸಾಲ್ಟರ್ ಮನೆಗೆ ಹೋದರು. ಆಕೆ ಬಟ್ಟೆ ಒಗೆಯುತ್ತಿದ್ದರಂತೆ. ತನ್ನ ಹೆಸರು ಪಟ್ಟಿಯಲ್ಲಿರುವುದೇ ಗೊತ್ತಿರಲಿಲ್ಲ. ಗೆದ್ದರೆ ಹುದ್ದೆ ವಹಿಸಿಕೊಳ್ತೀರಾ ಅಂತ ಕೇಳಿದ್ದಕ್ಕೆ ಹೂಂ ಅಂದರು. ಎಣಿಕೆ ಮುಗಿದಾಗ ಸುಮಾರು ಮೂರರಲ್ಲಿ ಎರಡು ಪಾಲು ವೋಟು ಅವರಿಗೇ ಬಿದ್ದಿತ್ತು. ಕುಚೋದ್ಯ ಮಾಡಿದವರ ಮುಖ ನೋಡಬೇಕಿತ್ತು, ಅಲ್ವಾ?

ಆಗ ಅವರಿಗೆ 27 ವರ್ಷ, ಮನೆ ತುಂಬ ಸಣ್ಣ ಮಕ್ಕಳು. ಹಾಗಂತ ರಾಜಕೀಯ ಹೊಸದೇನಲ್ಲ. ತಂದೆ ಆ ಊರಿನ ಮೊದಲ ಮೇಯರ್, ಮಾವ ರಾಜ್ಯದ ಲೆಫ್ಟಿನೆಂಟ್ ಗವರ್ನರ್ ಆಗಿದ್ದವರು. ಒಂದು ವರ್ಷದ ಅಧಿಕಾರ ಗಲಾಟೆಯಿಲ್ಲದೆ ಮುಗಿಯಿತು. ಸಿಕ್ಕ ಸಂಬಳ ಒಂದೇ ಒಂದು ಡಾಲರ್. ಮತ್ತೆ ಅವರು ಚುನಾವಣೆಗೆ ನಿಲ್ಲಲಿಲ್ಲ. 1961ರಲ್ಲಿ ತೀರಿಕೊಂಡಾಗ ಅವರಿಗೆ 101 ವರ್ಷ.