ಕಡತದಿಂದ ಕಚ್ಚಾ ತೈಲಕ್ಕೆ: ನಾರ್ವೆಯ ಒಂದು ಉದಾಹರಣೆ

ಸರ್ಕಾರದ ಕುರ್ಚಿಯಿಂದ ಎದ್ದು ಬಂದವರು ತೈಲ ಕಂಪನಿ ಕಟ್ಟಿ ಗೆದ್ದದ್ದುಂಟಾ ಅಂತ ಕೇಳಿದ್ದೀರಿ. ಉಂಟು ಸರ್, ನಾರ್ವೆಯ ಅರ್ವೆ ಯೋನ್ಸೆನ್. ಆದರೆ ಇವರು ನಮ್ಮ ಐಎಎಸ್‌ನವರ ಥರ ಅಲ್ಲ. ಕೈಗಾರಿಕಾ ಇಲಾಖೆಯಲ್ಲಿ ಸಚಿವರ ಕೈಕೆಳಗೆ ರಾಜಕೀಯ ನೇಮಕದ ಹುದ್ದೆಯಲ್ಲಿದ್ದವರು, ಅದಕ್ಕೂ ಮೊದಲು ನೋರ್ಸ್ಕ್ ಹೈಡ್ರೋ ಕಂಪನಿಯಲ್ಲಿ ಕೆಲಸ ಮಾಡಿದ್ದರು.

1972ರಲ್ಲಿ ಅಲ್ಲಿನ ಸಂಸತ್ತು ಸ್ಟಾಟಾಯಿಲ್ ಅನ್ನೋ ಸರ್ಕಾರಿ ತೈಲ ಕಂಪನಿಯ ಸ್ಥಾಪನೆಗೆ ಒಮ್ಮತದಿಂದ ಒಪ್ಪಿತು, ಮೊದಲ ಮುಖ್ಯಸ್ಥರು ಇವರೇ. ಸ್ಟಾವಾಂಗರ್ ಪಟ್ಟಣದಲ್ಲಿ ಬರಿಗೈಯಲ್ಲಿ ಶುರು. 1974ರಲ್ಲಿ ನಾರ್ವೆ-ಬ್ರಿಟನ್ ಗಡಿಯ ಸಮುದ್ರದಲ್ಲಿರುವ ಸ್ಟಾಟ್‌ಫಿಯೋರ್ಡ್‌ನಲ್ಲಿ ತೈಲ ಸಿಕ್ಕಾಗ ಅಲ್ಲಿ ಕೆಲಸ ನಡೆಸುತ್ತಿದ್ದದ್ದು ಅಮೆರಿಕದ ಮೊಬಿಲ್ ಕಂಪನಿ. ಸ್ಟಾಟಾಯಿಲ್‌ಗೆ ಅಲ್ಲಿನ ನಾರ್ವೆ ಭಾಗದ ಪರವಾನಗಿಯಲ್ಲಿ ಅರ್ಧ ಪಾಲು ಇತ್ತು, ಪಕ್ಕದಲ್ಲಿ ಕೂತು ಕೆಲಸ ಕಲಿತು 1987ರಲ್ಲಿ ಇಡೀ ಉಸ್ತುವಾರಿಯನ್ನೇ ತನ್ನ ಕೈಗೆ ತೆಗೆದುಕೊಂಡಿತು. ನನಗೆ ಇಷ್ಟವಾಗೋದು ಈ ತಾಳ್ಮೆ.

ಹಾಗಂತ ಎಲ್ಲಾ ಚೆನ್ನಾಗೇ ಮುಗಿಯಲಿಲ್ಲ. ಸ್ಟಾಟಾಯಿಲ್‌ನ ಮೊಂಗ್‌ಸ್ಟಾಡ್ ತೈಲ ಶುದ್ಧೀಕರಣ ಘಟಕದ ವಿಸ್ತರಣೆ ಅಂದಾಜಿಗಿಂತ ಕೋಟಿಗಟ್ಟಲೆ ಕ್ರೋನರ್ (ನಾರ್ವೆಯ ಹಣ) ಜಾಸ್ತಿ ನುಂಗಿತು. ದೊಡ್ಡ ಗಲಾಟೆಯಾಗಿ ಆಡಳಿತ ಮಂಡಳಿಯೂ ಹೋಯಿತು, ಯೋನ್ಸೆನ್ ಅವರೂ ಹುದ್ದೆ ಬಿಟ್ಟರು. ಹದಿನೈದು ವರ್ಷ ಕಟ್ಟಿದ ಮನುಷ್ಯ ಒಂದು ಖರ್ಚಿನ ಲೆಕ್ಕಕ್ಕೆ ಹೋದದ್ದು, ವಿಚಿತ್ರ ಅಲ್ವಾ? ಅಂದ ಹಾಗೆ, ಈಗಿನ ಈಕ್ವಿನಾರ್ ಅದೇ ಕಂಪನಿ, 2018ರಲ್ಲಿ ಹೆಸರು ಬದಲಾಯಿತು ಅಷ್ಟೆ.